ಹೆಸರಿಗೆ ಹಚ್ಚಿದ ರೊಕ್ಕ

ನಮ್ಮಪ್ಪ ಶಹಾಪುರದ ಒಂದು ದಲಾಲಿ ಅಂಗಡಿಯಲ್ಲಿ ಇಪ್ಪತ್ತೆಂಟು ವರ್ಷ ಕಿರ್ದಿ ಬರೆದರು. ನಮ್ಮೂರು ದೇವಾಪುರದಿಂದ ಸೋಮವಾರ ಹೋದರೆ ಶನಿವಾರ ಸಂಜೆಗೇ ಮನೆ. ಸುಗ್ಗಿ ಮುಗಿದ ಮೇಲೆ ರೈತರು ಲೆಕ್ಕ ಹರಿಸಲು ಬರುತ್ತಿದ್ದರು. ರಜೆಯಲ್ಲಿ ನಾನೂ ಅಪ್ಪನ ಗಾದಿಯ ಪಕ್ಕ ಕೂತಿರುತ್ತಿದ್ದೆ. ಅವರು ಖಾತೆ ತೆರೆದು ಒಂದೊಂದೇ ಸಾಲು ಗಟ್ಟಿಯಾಗಿ ಓದುವರು: ಇಂಥ ದಿನ ಬೀಜಕ್ಕೆ ಇಷ್ಟು, ಇಂಥ ದಿನ ಮಗಳ ಮದುವೆ ಜವಳಿಗೆ ಇಷ್ಟು. ಎದುರಿಗೆ ಕೂತ ರೈತ ಪ್ರತಿ ಸಾಲಿಗೂ ‘ಹೂಂ’ ಅನ್ನಬೇಕು. ಹೂಂ ಬಾರದಿದ್ದರೆ ಅಪ್ಪ ಮುಂದಿನ ಸಾಲಿಗೆ ಹೋಗುತ್ತಿರಲಿಲ್ಲ.

ಒಮ್ಮೆ ತಿಂಥಣಿ ಕಡೆಯ ರೈತರೊಬ್ಬರು ನಲವತ್ತು ರೂಪಾಯಿಯ ಸಾಲಿಗೆ ತಲೆ ಅಲ್ಲಾಡಿಸಿದರು. “ಇದು ಯಾವ್ದರಿ ಗುಮಾಸ್ತರ? ಆ ದಿನ ನಾ ಶಹಾಪುರಕ್ಕ ಬಂದಿಲ್ರಿ. ನಮ್ಮವ್ವನ ದಿನಾ ಇತ್ತು.” ಮಾಲೀಕರಿಗೆ ಸಿಟ್ಟು ಬಂತು. ಅಪ್ಪ ಮಾತಾಡದೆ ಎದ್ದು ಆ ತಿಂಗಳ ಕಿರ್ದಿ ತೆಗೆದರು. ಕಿರ್ದಿ ದಿನದ ಪುಸ್ತಕ, ರೊಕ್ಕ ಕೈ ಬದಲಾದ ಕ್ರಮದಲ್ಲಿಯೇ ಬರೆದದ್ದು. ಖಾತೆ ಹೆಸರಿನ ಪುಸ್ತಕ, ಕಿರ್ದಿಯಿಂದ ಎತ್ತಿ ಹಚ್ಚಿದ್ದು. ಖಾತೆಯ ಪ್ರತಿ ಸಾಲಿನ ಬದಿಗೆ ಕಿರ್ದಿಯ ಪುಟದ ಅಂಕಿ ಇರುತ್ತದೆ. ಆ ಅಂಕಿ ಹಿಡಿದು ಹಿಂದಕ್ಕೆ ನಡೆದರೆ ನಿಜ ಸಿಗುತ್ತದೆ. ಅಂದು ಸಿಕ್ಕಿತು: ಹೆಸರು ಅದೇ, ಊರು ಬೇರೆ. ಹಣಮಂತನೆಂಬ ಹೆಸರು ನಮ್ಮ ಸೀಮೆಯಲ್ಲಿ ಊರಿಗೆ ಹತ್ತು. ಒಬ್ಬರು ಒಯ್ದ ರೊಕ್ಕ ಇನ್ನೊಬ್ಬರ ಹೆಸರಿಗೆ ಹತ್ತಿತ್ತು.

‘ಹೆಸರಿಗೆ ಹಚ್ಚುವುದು’ ಎಂಬ ಮಾತನ್ನು ನಾನು ಕಲಿತದ್ದು ಅಲ್ಲಿ. ಆಮೇಲೆ ಮಾಸ್ತರನಾಗಿ ಇತಿಹಾಸ ಓದಿಸುವಾಗಲೂ ಈ ಮಾತು ನನ್ನ ಬೆನ್ನು ಬಿಡಲಿಲ್ಲ. ನಮ್ಮ ಸೀಮೆಯ ಕಥೆಯಲ್ಲಿ ಯಾರದೋ ಖರ್ಚು ಯಾರದೋ ಹೆಸರಿಗೆ ಹತ್ತಿದ್ದು ಬಹಳ. 1705ರಲ್ಲಿ ವಾಗಣಗೇರಾ ಕೋಟೆಯನ್ನು ಮುತ್ತಿ ಹಿಡಿದ ಔರಂಗಜೇಬ ಆ ಮಳೆಗಾಲ ಕಳೆದದ್ದು ನಮ್ಮ ದೇವಾಪುರದ ಬಯಲಿನಲ್ಲಿಯೇ. ಇಲ್ಲಿಯೇ ಅವನಿಗೆ ಜೀವಕ್ಕೆ ಬರುವಂಥ ಜಡ್ಡು ಆಯಿತು. ಅವನ ಸಿಪಾಯಿಗಳಿಗೆ ಆಗ ವರ್ಷಗಟ್ಟಲೆ ಸಂಬಳದ ಬಾಕಿ. ಆ ದಂಡು ಉಂಡ ಜೋಳ, ದನಕ್ಕೆ ಹಾಕಿದ ಕಣಿಕೆ ಯಾರ ಹೆಸರಿಗೆ ಹತ್ತಿತೆಂದು ಮಕ್ಕಳನ್ನು ಕೇಳುತ್ತಿದ್ದೆ. ಮುಂದೆ ಸುರಪುರದ ಅರಸರು ಪಟ್ಟಕ್ಕೆ ಬರಬೇಕಾದರೆ ನಿಜಾಮರಿಗೆ ನಜರಾಣೆ ಕೊಡಬೇಕಾಯಿತು. ಲಕ್ಷಗಟ್ಟಲೆಯ ಆ ಬಾಕಿಯಿಂದ ಸಂಸ್ಥಾನವೇ ಸಾಲಕ್ಕೆ ಬಿತ್ತು. 1841ರಿಂದ 1853ರವರೆಗೆ ಇಲ್ಲಿ ಇಂಗ್ಲಿಷರ ಏಜೆಂಟನಾಗಿದ್ದ ಮೆಡೋಸ್ ಟೇಲರ್ ಬಂದದ್ದು ಹೀಗೆ ಹದಗೆಟ್ಟ ಲೆಕ್ಕದ ನಡುವೆ. ಗುಡ್ಡದ ಮೇಲೆ ಅವನಿದ್ದ ಮನೆ ಟೇಲರ್ ಮಂಜಿಲ್ ಇಂದಿಗೂ ಇದೆ. 1858ರ ಬಂಡಾಯದಲ್ಲಿ ರಾಜಾ ವೆಂಕಟಪ್ಪ ನಾಯಕರನ್ನು ಕಳೆದುಕೊಂಡ ಮೇಲೆ ಸೀಮೆ ನಿಜಾಮರ ಕೈ ಸೇರಿತು.

ಅಲ್ಲಿಂದ ರೈತನ ಲೆಕ್ಕ ಅವನ ಕಣ್ಣಿಗೆ ಇನ್ನೂ ದೂರವಾಯಿತು. 1884ರಲ್ಲಿ ಹೈದರಾಬಾದಿನ ಆಡಳಿತ ಭಾಷೆ ಫಾರ್ಸಿಯಿಂದ ಉರ್ದುವಿಗೆ ಬದಲಾಯಿತು. ಕನ್ನಡ ಮಾತಾಡುವವನಿಗೆ ಎರಡೂ ಒಂದೇ: ಓದಲು ಬಾರದು. ಜೊತೆಗೆ ಎರಡು ನಾಣ್ಯ. ನಿಜಾಮರದು ಹಾಲಿ, ಇಂಗ್ಲಿಷರದು ಕಲದಾರ. ನೂರು ಕಲದಾರಕ್ಕೆ ಹಾಲಿ ನೂರಾ ಹದಿನಾರು ರೂಪಾಯಿ, ಹತ್ತಾಣೆ, ಎಂಟು ಪೈ. ತಾಳಿಕೋಟೆ, ಮುದ್ದೇಬಿಹಾಳ ಇಂಗ್ಲಿಷರ ವಿಜಾಪುರ ಜಿಲ್ಲೆ, ಇತ್ತ ಹುಣಸಗಿ ನಿಜಾಮರದು. ಹೀಗಾಗಿ ಎರಡೂ ನಾಣ್ಯ ಸಂತೆಯಲ್ಲಿ ಓಡಾಡುತ್ತಿದ್ದವು. ನಮ್ಮ ಮುತ್ಯಾ ಒಂದು ಮಾತು ಹೇಳುತ್ತಿದ್ದ: “ಕೈಯಾಗ ಇಟ್ಟದ್ದು ಹಾಲಿ, ಹಾಳ್ಯಾಗ ಬರದದ್ದು ಕಲದಾರ.” ನೂರಕ್ಕೆ ಹದಿನಾರು ರೂಪಾಯಿಗಿಂತ ಹೆಚ್ಚು ಹಾಗೆಯೇ ಕರಗುತ್ತಿತ್ತು. ಅದಕ್ಕೆ ಮುತ್ಯಾ ಪಡಸಾಲೆಯ ಗೋಡೆಗೆ ಸುಣ್ಣದ ಗೀಟು ಹಾಕಿಡುತ್ತಿದ್ದ. ಹಾಲಿಗೆ ಅಡ್ಡಗೀಟು, ಕಲದಾರಕ್ಕೆ ಉದ್ದಗೀಟು. ಆ ಗೋಡೆಯೇ ಅವನ ಪುಸ್ತಕ.

ಇನ್ನೊಂದು ಕಡಿತ ಮಾಲಿನ ಪಟ್ಟಿಯಲ್ಲಿ. ತೊಗರಿಯೋ ಶೇಂಗಾವೋ ಹತ್ತಿಯೋ ಮಾರಿದರೆ ಕೈಗೆ ಬರುವ ಚೀಟಿಯಲ್ಲಿ ದಲಾಲಿ, ಹಮಾಲಿ, ತೂಕ, ಧರ್ಮಾದಾಯ ಎಂದು ಸಾಲುಸಾಲು. ದಲಾಲಿ ತಿಳಿಯುತ್ತದೆ, ಹಮಾಲಿ ತಿಳಿಯುತ್ತದೆ. ಯಾವ ಧರ್ಮ, ಯಾವ ಗುಡಿ ಎಂದು ಕೇಳುವ ಧೈರ್ಯ ಎಷ್ಟು ಜನಕ್ಕಿತ್ತು? 1930ರಲ್ಲಿ ಹೈದರಾಬಾದ್ ಸರ್ಕಾರ ಕೃಷಿ ಮಾರುಕಟ್ಟೆಗಳಿಗೆ ಕಾಯ್ದೆ ತಂದಿತು, ಮುಂದೆ 1966ರಲ್ಲಿ ಎಪಿಎಂಸಿಯ ಕಾಯ್ದೆ ಬಂತು. ಒಪ್ಪಿತ ಶುಲ್ಕ ಬಿಟ್ಟು ಬೇರೆ ಕಡಿತ ಸಲ್ಲದೆಂಬ ಮಾತು ಕಾಗದದ ಮೇಲೆ ಬಂತು. ನಮ್ಮಪ್ಪ ಬರೆದ ಪಟ್ಟಿಗಳಲ್ಲಿಯೂ ಧರ್ಮಾದಾಯ ಇತ್ತು. ಅದನ್ನು ನೆನೆದು ಅವರು ಮುಪ್ಪಿನಲ್ಲಿ ನೊಂದದ್ದನ್ನು ನಾನು ನೋಡಿದ್ದೇನೆ.

ಕಾನೂನಿನಲ್ಲಿ ನನಗೆ ಬಹಳ ಬೆಲೆಯುಳ್ಳದ್ದಾಗಿ ಕಾಣುವುದು 1872ರ ಸಾಕ್ಷ್ಯ ಕಾಯ್ದೆಯ 34ನೇ ಕಲಮು. ಕ್ರಮವಾಗಿ ಬರೆದಿಟ್ಟ ಲೆಕ್ಕದ ಪುಸ್ತಕ ಸಾಕ್ಷಿಯಾಗಿ ನಡೆಯುತ್ತದೆ, ಆದರೆ ಅದೊಂದನ್ನೇ ಹಿಡಿದು ಯಾರ ಮೇಲೂ ಹಣ ಹೊರಿಸುವಂತಿಲ್ಲ. ಬರೆದವನು ಬರೆದ ಮಾತ್ರಕ್ಕೆ ಸಾಲವಾಗದು. 2024ರ ಜುಲೈಯಲ್ಲಿ ಜಾರಿಗೆ ಬಂದ ಹೊಸ ಸಾಕ್ಷ್ಯ ಅಧಿನಿಯಮದಲ್ಲಿಯೂ ಅದು ಉಳಿದಿದೆ, ಕಂಪ್ಯೂಟರಿನ ಲೆಕ್ಕಕ್ಕೂ ಅನ್ವಯಿಸುತ್ತದೆ. 1961ರ ಲೇವಾದೇವಿಗಾರರ ಕಾಯ್ದೆ ಇನ್ನೊಂದು ಹೆಜ್ಜೆ ಮುಂದಿಟ್ಟಿತು: ಲೆಕ್ಕದ ಹಾಳೆ ಕೈಗೆ ಬಂದಾಗ ಸಾಲಗಾರ ಸುಮ್ಮನಿದ್ದನೆಂಬ ಕಾರಣಕ್ಕೆ ಒಪ್ಪಿದನೆಂದು ತಿಳಿಯಬಾರದು.

ಬ್ಯಾಂಕಿನ ಕಾಲ ಬಂತು. 1942ರಲ್ಲಿ ಶುರುವಾದ ಹೈದರಾಬಾದ್ ಸ್ಟೇಟ್ ಬ್ಯಾಂಕ್, 1978ರಲ್ಲಿ ಕಲಬುರಗಿಯಲ್ಲಿ ಹುಟ್ಟಿದ ಕೃಷ್ಣಾ ಗ್ರಾಮೀಣ ಬ್ಯಾಂಕ್. ಈ ಬ್ಯಾಂಕುಗಳು ಬೇರೆ ಬ್ಯಾಂಕುಗಳೊಳಗೆ ಸೇರಿ ಈಗ ಹೆಸರುಗಳೂ ಬದಲಾಗಿವೆ. 2014ರ ಜನಧನ ಖಾತೆಯ ಜೊತೆ ರುಪೇ ಕಾರ್ಡು ಮನೆಮನೆಗೆ ಬಂತು. ಸುಣ್ಣದ ಗೀಟು ಹಾಕುತ್ತಿದ್ದ ಗೋಡೆಗಳಿಗೆ ಅಷ್ಟರಲ್ಲಿ ಪೇಂಟು ಬಿದ್ದಿತ್ತು.

ಪ್ರತಿ ವರ್ಷ ಮೇ ಕೊನೆಯಿಂದ ನನ್ನ ಪಡಸಾಲೆಗೆ ಪಾಸ್‌ಬುಕ್ಕುಗಳು ಬರತೊಡಗುತ್ತವೆ. ಒಮ್ಮೆ ನೆರೆಯ ಆಯಿಯೊಬ್ಬರು ಬಂದು, “ಮಾಸ್ತರ, ನಾನೂರಾ ಮೂವತ್ತಾರು ರೂಪಾಯಿ ಯಾರು ಒಯ್ದರಪ್ಪಾ?” ಎಂದರು. ಅದು ಜೀವನಜ್ಯೋತಿ ವಿಮೆಯ ಕಂತು. 2015ರಲ್ಲಿ 330 ಇದ್ದದ್ದು 2022ರ ಜೂನ್‌ನಿಂದ 436 ಆಗಿದೆ, ಜೂನ್ ಒಂದರಿಂದ ವರ್ಷದ ಲೆಕ್ಕ. ಜೊತೆಗೆ ಅಪಘಾತ ವಿಮೆಯ 20. ಶಾಖೆಗೆ ಹೋಗಿ ಕೇಳಿದಾಗ ಆಯಿಯ ಹೆಬ್ಬೆಟ್ಟಿನ ಅರ್ಜಿ ಸಿಕ್ಕಿತು. ಒತ್ತಿದ್ದು ನಿಜ, ಯಾಕೆಂದು ಯಾರೂ ಓದಿ ಹೇಳಿರಲಿಲ್ಲ. ಓದಿ ಹೇಳಿದ ಮೇಲೆ ಆಯಿ ಅದನ್ನು ಇಟ್ಟುಕೊಂಡರು. ಬೇಡವೆಂದರೆ ನಿಲ್ಲಿಸಲು ಒಂದು ಅರ್ಜಿ ಸಾಕಿತ್ತು.

ನನ್ನ ಕಾರ್ಡಿನ ತಿಂಗಳ ಹಾಳೆಯಲ್ಲಿ ಒಮ್ಮೆ ಎರಡು ಗುರುತಿಲ್ಲದ ಸಾಲು ಬಂದವು. 860 ರೂಪಾಯಿ, ಯಾವುದೋ ಟ್ರೇಡರ್ಸ್, ರಾಯಚೂರು. ಕೆಳಗೆ 2,499, ಕೇಳರಿಯದ ಕಂಪನಿ. ಅಪ್ಪನ ರೀತಿಯಲ್ಲಿ ಕಿರ್ದಿಗೆ ಹೋದೆ. ನನ್ನ ಕಿರ್ದಿ ಅಂದರೆ ಜೇಬಿನ ಡೈರಿ. ಮೊದಲನೆಯ ದಿನ ರಾಯಚೂರಿನಲ್ಲಿ ಔಷಧ ಕೊಂಡಿದ್ದೆ. ಅಂಗಡಿಯ ಬೋರ್ಡಿನ ಹೆಸರು ಬೇರೆ, ರಸೀದಿಯ ಬುಡದಲ್ಲಿ ಸಣ್ಣಕ್ಷರದಲ್ಲಿ ಆ ಟ್ರೇಡರ್ಸ್ ಹೆಸರಿತ್ತು. ಎರಡನೆಯದಕ್ಕೆ ಹಿಂದಿನ ದಿನವಷ್ಟೇ ಮೊಬೈಲಿಗೆ ಮೆಸೇಜು ಬಂದಿತ್ತು, ಡೈರಿಯಲ್ಲಿ ಏನೂ ಇರಲಿಲ್ಲ. ಕಾರ್ಡಿನ ಬೆನ್ನ ಮೇಲಿನ ನಂಬರಿಗೆ ಕರೆ ಮಾಡಿ ಕಾರ್ಡು ಬಂದ್ ಮಾಡಿಸಿದೆ, ದೂರಿನ ಸಂಖ್ಯೆ ಬರೆದುಕೊಂಡೆ, ಮರುದಿನ ಶಾಖೆಯಲ್ಲಿ ಅರ್ಜಿ ಕೊಟ್ಟು ಪ್ರತಿಯ ಮೇಲೆ ಸಿಕ್ಕಾ ಹಾಕಿಸಿಕೊಂಡೆ. “ನೀವೇ ಓಟಿಪಿ ಹೇಳಿರಬೇಕ್ರಿ” ಅಂದರು ಅಲ್ಲಿಯವರು. ನಾನು ಯಾರಿಗೂ ಹೇಳಿರಲಿಲ್ಲ.

ಕೈಯಲ್ಲಿ ರಿಸರ್ವ್ ಬ್ಯಾಂಕಿನ 2017ರ ಜುಲೈ 6ರ ಸುತ್ತೋಲೆ ಇತ್ತು. ಅದರ ಪ್ರಕಾರ ಗ್ರಾಹಕನದೂ ಬ್ಯಾಂಕಿನದೂ ಅಲ್ಲದ ತಪ್ಪಿನಿಂದ ಹಣ ಹೋದರೆ, ಬ್ಯಾಂಕಿನ ಸುದ್ದಿ ಬಂದ ಮೂರು ಕೆಲಸದ ದಿನಗಳೊಳಗೆ ತಿಳಿಸಿದವನ ಮೇಲೆ ಯಾವ ಹೊಣೆಯೂ ಇಲ್ಲ. ನಾಲ್ಕರಿಂದ ಏಳು ದಿನವಾದರೆ ಸ್ವಲ್ಪ ಭಾರ ಅವನ ಮೇಲೆ. ಓಟಿಪಿ ತಾನೇ ಹೇಳಿದ್ದರೆ ತಿಳಿಸುವವರೆಗಿನ ನಷ್ಟ ಅವನದೇ. ಹತ್ತು ಕೆಲಸದ ದಿನಗಳೊಳಗೆ ಆ ಮೊತ್ತವನ್ನು ತಾತ್ಕಾಲಿಕವಾಗಿ ಮರಳಿ ಜಮಾ ಮಾಡಬೇಕು, ತೊಂಬತ್ತು ದಿನಗಳೊಳಗೆ ದೂರು ತೀರಬೇಕು. ಗ್ರಾಹಕನದೇ ತಪ್ಪು ಎಂದು ತೋರಿಸುವ ಭಾರ ಬ್ಯಾಂಕಿನದು. 1872ರ ಕಲಮಿನ ಮಾತೇ ಬೇರೆ ಬಾಯಿಂದ ಬಂದಂತೆ ಕೇಳಿಸಿತು. ಒಂದೇ ವ್ಯತ್ಯಾಸ: ಲೇವಾದೇವಿಗಾರರ ಕಾಯ್ದೆಯಲ್ಲಿದ್ದಂತೆ ಸುಮ್ಮನಿದ್ದವನಿಗೆ ಇಲ್ಲಿ ರಕ್ಷಣೆ ಇಲ್ಲ. ನನ್ನ 2,499 ಎಂಟನೆಯ ದಿನ ಜಮಾ ಆಯಿತು, ಮುಂದೆ ಹಾಗೆಯೇ ಉಳಿಯಿತು.

ಮೆಸೇಜು ಬರುವುದು ಇಂಗ್ಲಿಷಿನಲ್ಲಿ. ಉರ್ದುವಿನ ಕಾಲದ ಮುತ್ಯಾನ ಕಷ್ಟವೇ ಈಗ ಆಯಿಯದು. ಮೂರು ದಿನ ಎಣಿಸಲು ಮೊದಲು ಓದಲು ಬರಬೇಕಲ್ಲ. ಅದಕ್ಕೆ ಈಗ ಭಾನುವಾರ ಮುಂಜಾನೆ ನಾಲ್ಕೈದು ಜನ ಪಡಸಾಲೆಯಲ್ಲಿ ಸೇರುತ್ತಾರೆ. ನಾನು ಒಬ್ಬೊಬ್ಬರ ಪಾಸ್‌ಬುಕ್ಕು, ಮೊಬೈಲು ಹಿಡಿದು ಸಾಲು ಸಾಲಾಗಿ ಗಟ್ಟಿಯಾಗಿ ಓದುತ್ತೇನೆ. ಕಳೆದ ವಾರ ಆಯಿ ಗ್ಯಾಸಿಗೆ ಹೂಂ ಅಂದರು, ಪಿಂಚಣಿಗೆ ಹೂಂ ಅಂದರು. 590 ರೂಪಾಯಿಯ ಸಾಲಿಗೆ ಹೂಂ ಬರಲಿಲ್ಲ. ಎರಡನೆಯ ಸಲ ಓದಿದೆ. ಆಗಲೂ ಬರಲಿಲ್ಲ. ಆ ಸಾಲಿನ ಬದಿಗೆ ಪೆನ್ಸಿಲಿನ ಚುಕ್ಕಿ ಇಟ್ಟು, ಸೋಮವಾರದ ಮೊದಲ ಬಸ್ಸಿಗೆ ಇಬ್ಬರೂ ಸುರಪುರಕ್ಕೆ ಹೊರಟೆವು.