ಧಡ್ ಎನ್ನುವ ಸೀಟು, ಹಿಂಜರಿಯುವ ಕೈ



ಬದಲಾಪುರದ ಹೊಸ ಕಟ್ಟಡವೊಂದರಲ್ಲಿ ನಿಮ್ಮ ಮನೆ ಎಂದಿಟ್ಟುಕೊಳ್ಳಿ. ಕಮೋಡಿಗೆ ‘ಸಾಫ್ಟ್ ಕ್ಲೋಸ್’ ಸೀಟು. ಬೆರಳು ತಾಗಿಸಿದರೆ ಸಾಕು, ಸದ್ದಿಲ್ಲದೆ ತಾನೇ ಕೆಳಗಿಳಿಯುತ್ತದೆ. ನಾಲ್ಕಾರು ವರ್ಷ ಕಳೆದ ಮೇಲೆ ಒಂದು ರಾತ್ರಿ ಅದು ‘ಧಡ್’ ಎಂದು ಬೀಳುತ್ತದೆ. ನಸುಕಿನ ಲೋಕಲ್ ಹಿಡಿಯಬೇಕಾದವರ ನಿದ್ದೆ ಅಲ್ಲಿಗೆ ಮುಗಿಯಿತು. ಕುಕ್ಕರಿನ ಹಿಡಿ, ಕಿಟಕಿಯ ಚಿಲಕ ಎಲ್ಲವನ್ನೂ ತಾವೇ ಬಿಗಿ ಮಾಡಿಕೊಳ್ಳುವವರು ಕೂಡ ಇಲ್ಲಿ ಮಾತ್ರ “ಯಾರನ್ನಾದರೂ ಕರೆಸೋಣ” ಎನ್ನುತ್ತಾರೆ. ಕೆಲಸ ಕಷ್ಟದ್ದೇನಲ್ಲ. ಆ ಜಾಗಕ್ಕೆ ಕೈ ಹಚ್ಚುವುದು ನಮ್ಮ ಕೆಲಸವಲ್ಲ ಎಂಬ ಭಾವನೆ ಒಳಗೆಲ್ಲೋ ಕೂತಿದೆ. ಆ ಭಾವನೆಗೂ ಒಂದು ಚರಿತ್ರೆ ಇದೆ.

ಮೊದಲು ಪದಗಳನ್ನೇ ನೋಡಿ. ‘ಪಾಯಖಾನೆ’ ಪಾರಸಿಯಿಂದ ಬಂದದ್ದು. ‘ಕಕ್ಕಸು’ ಡಚ್ಚರ ಮಾತಿನಿಂದ ಬಂದದ್ದು ಎನ್ನುತ್ತಾರೆ. ‘ಕಮೋಡ್’ ಫ್ರೆಂಚ್ ಮೂಲದ್ದು, ಇಂಗ್ಲಿಷಿನ ದಾರಿಯಲ್ಲಿ ನಮಗೆ ಸಿಕ್ಕಿತು. ‘ಸಂಡಾಸ್’ ಎಂದು ಮುಂಬಯಿ ಕಲಿಸಿತು. ನಮ್ಮ ಹಿರಿಯರು ಮಾತ್ರ ‘ಬಯಲಿಗೆ ಹೋಗುವುದು’, ‘ಹಿತ್ತಲಿಗೆ ಹೋಗುವುದು’ ಎನ್ನುತ್ತಿದ್ದರು. ಮನೆಯಿಂದ ಆದಷ್ಟು ದೂರ ಎಂಬುದೇ ಆ ಮಾತಿನ ಅರ್ಥ.

ಹಳ್ಳಿಯಲ್ಲಿ ಬಯಲಿತ್ತು. ಪಟ್ಟಣದಲ್ಲಿ ಎಲ್ಲಿಗೆ ಹೋಗುವುದು? ಹತ್ತೊಂಬತ್ತನೆಯ ಶತಮಾನದ ಮುಂಬಯಿಯಲ್ಲಿ ಮನೆಗಳ ಹಿಂದೆ ಬುಟ್ಟಿ ಇಟ್ಟ ಪಾಯಖಾನೆಗಳಿದ್ದವು. ಎರಡು ಕಟ್ಟಡಗಳ ನಡುವೆ ‘ಹೌಸ್ ಗಲ್ಲಿ’ ಎಂಬ ಇಕ್ಕಟ್ಟಾದ ಓಣಿ. ಆ ಬುಟ್ಟಿಗಳನ್ನು ಖಾಲಿ ಮಾಡುವವರು ಮನೆಯವರ ಕಣ್ಣಿಗೆ ಬೀಳದಂತೆ ಓಡಾಡಲೆಂದೇ ಇದ್ದ ದಾರಿ ಅದು. ಅವರನ್ನು ‘ಹಲಾಲ್‌ಖೋರ್’ ಎಂದು ಕರೆಯುತ್ತಿದ್ದರು. ಪಾಲಿಕೆ ಜನರಿಂದ ಅದೇ ಹೆಸರಿನ ತೆರಿಗೆಯನ್ನೂ ವಸೂಲು ಮಾಡುತ್ತಿತ್ತು. ಹುಟ್ಟಿದ ಜಾತಿಯ ಕಾರಣಕ್ಕೇ ಆ ಕೆಲಸ ಅವರ ಪಾಲಿಗೆ ಬಂದಿತ್ತು.

ಇದಕ್ಕೆ ಯಂತ್ರದ ಪರಿಹಾರ ಆಗಲೇ ಬೇರೆಡೆ ಹುಟ್ಟಿತ್ತು. 1775ರಲ್ಲಿ ಲಂಡನ್ನಿನ ಗಡಿಯಾರ ತಯಾರಕ ಅಲೆಕ್ಸಾಂಡರ್ ಕಮ್ಮಿಂಗ್ ನೀರಿನಿಂದ ತೊಳೆಯುವ ಶೌಚಕ್ಕೆ ಪೇಟೆಂಟ್ ಪಡೆದ. ಅದರ ಬಾಗಿದ ಕೊಳವೆಯಲ್ಲಿ ಸ್ವಲ್ಪ ನೀರು ನಿಂತೇ ಇರುತ್ತದೆ, ವಾಸನೆ ಮೇಲೆ ಬರುವುದಿಲ್ಲ. ನಿಮ್ಮ ಕಮೋಡಿನಲ್ಲೂ ಇಂದು ಇರುವುದು ಅದೇ ಉಪಾಯ. 1858ರ ಬೇಸಿಗೆಯಲ್ಲಿ ಥೇಮ್ಸ್ ನದಿಯ ದುರ್ವಾಸನೆ ಪಾರ್ಲಿಮೆಂಟಿಗೇ ಹೊಕ್ಕಾಗ ಲಂಡನ್ ದೊಡ್ಡ ಒಳಚರಂಡಿ ಕಟ್ಟಲು ಹೊರಟಿತು. 1860ರಲ್ಲಿ ವಿಹಾರ ಕೆರೆಯ ನೀರು ನಲ್ಲಿಗಳಲ್ಲಿ ಮುಂಬಯಿಗೆ ಬಂತು. 1880ರ ದಶಕದಲ್ಲಿ ಇಂಗ್ಲೆಂಡಿನ ಟ್ವೈಫರ್ಡ್ ಒಂದೇ ತುಂಡಿನ ಪಿಂಗಾಣಿ ಕಮೋಡ್ ಮಾಡಿದ. 1960ರಲ್ಲಿ ಅದೇ ಟ್ವೈಫರ್ಡ್ಸ್ ಸಂಸ್ಥೆಯ ಸಹಯೋಗದಲ್ಲಿ ಭಾರತದಲ್ಲಿ ಹಿಂದೂಸ್ಥಾನ್ ಟ್ವೈಫರ್ಡ್ಸ್ ಕಂಪೆನಿ ಹುಟ್ಟಿಕೊಂಡಿತು.

ಯಂತ್ರ ಬಂದರೂ ಬುಟ್ಟಿ ಹೋಗಲಿಲ್ಲ. 1901ರ ಕಲ್ಕತ್ತಾ ಕಾಂಗ್ರೆಸ್ ಅಧಿವೇಶನದಲ್ಲಿ ಗಾಂಧೀಜಿ ತಾವೇ ಪೊರಕೆ ಹಿಡಿದು ಪಾಯಖಾನೆ ತೊಳೆದರು. ನಮ್ಮ ಕರ್ನಾಟಕದಲ್ಲಿ ತಲೆಯ ಮೇಲೆ ಮಲ ಹೊರುವ ಪದ್ಧತಿಯನ್ನು ನಿಷೇಧಿಸಿದವರು 1970ರ ದಶಕದಲ್ಲಿ ದೇವರಾಜ ಅರಸು ಸಂಪುಟದಲ್ಲಿ ಸಚಿವರಾಗಿದ್ದ ಬಿ. ಬಸವಲಿಂಗಪ್ಪನವರು. ಕೇಂದ್ರದ ಕಾನೂನು ಬಂದದ್ದು 1993ರಲ್ಲಿ, ಇನ್ನೂ ಬಿಗಿಯಾದ ಕಾನೂನು 2013ರಲ್ಲಿ. 1966ರಲ್ಲಿ ಕೋಲಾರದ ಚಿನ್ನದ ಗಣಿ ಪ್ರದೇಶದಲ್ಲಿ ಇದೇ ಕೆಲಸ ಮಾಡುತ್ತಿದ್ದ ಕುಟುಂಬದಲ್ಲಿ ಹುಟ್ಟಿದ ಬೆಜವಾಡ ವಿಲ್ಸನ್ ಇದರ ವಿರುದ್ಧ ದೇಶವ್ಯಾಪಿ ಹೋರಾಟ ಕಟ್ಟಿದರು. 2016ರಲ್ಲಿ ಅವರಿಗೆ ಮ್ಯಾಗ್ಸೆಸೆ ಪ್ರಶಸ್ತಿ ಸಂದಿತು. ಸೀಟು ಮುಟ್ಟಲು ನಮ್ಮ ಕೈ ಹಿಂಜರಿಯುವುದರ ಹಿಂದೆ ಇಷ್ಟೆಲ್ಲ ಇದೆ.

ಈ ನಡುವೆ ಮುಂಬಯಿಯ ಎಷ್ಟೋ ಕನ್ನಡ ಕುಟುಂಬಗಳು ಚಾಳಿನ ಖೋಲಿ ಬಿಟ್ಟು ಡೊಂಬಿವಲಿ, ಕಲ್ಯಾಣ, ಬದಲಾಪುರಗಳಿಗೆ ಬಂದವು. ಚಾಳಿನ ಕೊನೆಯ ಸಾರ್ವಜನಿಕ ಸಂಡಾಸಿನ ಮುಂದೆ ಡಬ್ಬಿ ಹಿಡಿದು ನಿಂತ ಸಾಲು ನಮ್ಮಲ್ಲಿ ಹಲವರಿಗೆ ನೆನಪಿದೆ. ಬದಲಾಪುರ ಎಂದರೆ ಹಿಂದೆ ಕುದುರೆ ಬದಲಿಸುತ್ತಿದ್ದ ಊರು ಎಂದು ಜನ ಹೇಳುತ್ತಾರೆ. ನಮ್ಮವರು ಇಲ್ಲಿ ಬದಲಿಸಿಕೊಂಡದ್ದು ಆ ಸಾಲನ್ನು. ಮಂಡಿನೋವಿನ ಅಜ್ಜ ಅಜ್ಜಿಯರಿಗೆ ಕಮೋಡ್ ಈಗ ಅಗತ್ಯದ ವಸ್ತು.

ಇನ್ನು ಸೀಟಿನ ರಿಪೇರಿ. ಹಿಂಜಿನೊಳಗೆ ಬೆರಳು ಗಾತ್ರದ ಎರಡು ಡ್ಯಾಂಪರ್‌ಗಳಿರುತ್ತವೆ. ಒಳಗೆ ಗಟ್ಟಿಯಾದ ಸಿಲಿಕೋನ್ ದ್ರವ. ಜೇನಿನಲ್ಲಿ ಚಮಚ ತಿರುಗಿಸಿದಂತೆ, ವೇಗ ಹೆಚ್ಚಿದಷ್ಟೂ ಅದು ತಡೆಯುತ್ತದೆ. ಸಾಮಾನ್ಯವಾಗಿ ಒಂದು ಡ್ಯಾಂಪರ್ ಸೀಟಿಗೆ, ಇನ್ನೊಂದು ಮುಚ್ಚಳಕ್ಕೆ. ಯಾವುದು ‘ಧಡ್’ ಎನ್ನುತ್ತದೋ ಅದರದ್ದು ಕೆಟ್ಟಿದೆ ಎಂದರ್ಥ.

ಕೈಗವಸು ಹಾಕಿಕೊಳ್ಳಿ. ಸೀಟು ಅಲುಗಾಡುತ್ತಿದ್ದರೆ ಕಮೋಡಿನ ಅಡಿಯಲ್ಲಿರುವ ಎರಡು ನಟ್ಟುಗಳನ್ನು ಕೈಯಿಂದಲೇ ಬಿಗಿ ಮಾಡಿ. ಪಾನಾ ಹಾಕಿ ತಿರುಚಿದರೆ ಪಿಂಗಾಣಿ ಬಿರುಕು ಬಿಡಬಹುದು. ಅಲುಗಾಟವಿಲ್ಲದೆ ಬೀಳುತ್ತಿದ್ದರೆ ಸೀಟು ಕಳಚಿ. ಹಲವು ಸೀಟುಗಳಿಗೆ ಹಿಂದೆ ಒತ್ತುವ ಗುಂಡಿ ಇರುತ್ತದೆ, ಇಲ್ಲದಿದ್ದರೆ ಅಡಿಯ ನಟ್ಟು ಬಿಚ್ಚಬೇಕು. ಹಿಂಜಿನಲ್ಲಿ ಬಿಳಿಯ ಉಪ್ಪು ಕಟ್ಟಿದ್ದರೆ ವಿನೆಗರ್ ಬೆರೆಸಿದ ಬೆಚ್ಚಗಿನ ನೀರಿನಿಂದ ಉಜ್ಜಿ. ಆಸಿಡ್ ಬೇಡ, ಲೋಹ ತಿಂದುಹೋಗುತ್ತದೆ. ಡ್ಯಾಂಪರ್ ಸೀಲ್ ಆಗಿರುವ ಭಾಗ. ಅದಕ್ಕೆ ಕೊಬ್ಬರಿ ಎಣ್ಣೆ ಬಿಟ್ಟು ಪ್ರಯೋಜನವಿಲ್ಲ. ಹಳೆಯದನ್ನು ತೊಳೆದು ಹಾರ್ಡ್‌ವೇರ್ ಅಂಗಡಿಗೆ ಒಯ್ದು, ಅದೇ ಅಳತೆಯ ಜೋಡಿ ತನ್ನಿ. ಎಡ ಬಲ ಅದಲುಬದಲಾಗದಂತೆ ಕೂರಿಸಿ. ಇನ್ನು ಮುಂದೆ ಸೀಟನ್ನು ಕೈಯಿಂದ ಒತ್ತಿ ಮುಚ್ಚಬೇಡಿ. ಅದು ಬೇಗ ಕೆಡುವುದಕ್ಕೆ ಮುಖ್ಯ ಕಾರಣವೇ ನಮ್ಮ ಅವಸರ.

ಭಾನುವಾರದ ಅರ್ಧ ಗಂಟೆ ಸಾಕು. ಮಕ್ಕಳನ್ನೂ ಪಕ್ಕದಲ್ಲಿ ನಿಲ್ಲಿಸಿಕೊಳ್ಳಿ. ಮನೆಯ ಈ ಕೆಲಸವೂ ಮನೆಯವರದ್ದೇ ಎಂದು ಅವರು ನೋಡಿಯೇ ಕಲಿಯಲಿ.