ಎರಡು ಪಟ್ಟಿಗಳಲ್ಲಿ ಒಬ್ಬ ನಿರ್ದೇಶಕ: ಗಡಿಯಿಂದ ಕಂಡ ಬಿ. ಆರ್. ಪಂತುಲು

ವಿಷಯಕ್ಕೆ ಹೋಗುವ ಮೊದಲು ಒಂದು ಸಣ್ಣ ನೆನಪು. ಹೊಸೂರಿನ ಹತ್ತಿರ ನಾನು ಓದಿದ ಶಾಲೆಯಲ್ಲಿ ಕನ್ನಡ, ತಮಿಳು ಎರಡೂ ವಿಭಾಗಗಳಿದ್ದವು. ವಾರ್ಷಿಕೋತ್ಸವದಲ್ಲಿ ತಮಿಳು ವಿಭಾಗದ ಹುಡುಗ ಮೀಸೆ ಅಂಟಿಸಿಕೊಂಡು ಕಟ್ಟಬೊಮ್ಮನ್ ಆಗ್ತಿದ್ದ. ನಮ್ಮ ವಿಭಾಗದ ಹುಡುಗಿ ಕತ್ತಿ ಹಿಡಿದು ಕಿತ್ತೂರು ಚೆನ್ನಮ್ಮ ಆಗ್ತಿದ್ದಳು. ಇಬ್ಬರೂ ಎದುರಿಗೆ ಒಬ್ಬ ಬ್ರಿಟಿಷ್ ಅಧಿಕಾರಿಯನ್ನು ನಿಲ್ಲಿಸಿಕೊಂಡು, ಕಪ್ಪ ಕೊಡೋದಿಲ್ಲ ಅಂತ ಗುಡುಗುತ್ತಿದ್ದರು. ಯಾರಿಗೆ ಜಾಸ್ತಿ ಚಪ್ಪಾಳೆ ಬಿತ್ತು ಅಂತ ಆಮೇಲೆ ವಾರವೆಲ್ಲ ಜಗಳ. ಆ ಎರಡೂ ಗುಡುಗುಗಳನ್ನು ತೆರೆಯ ಮೇಲೆ ತಂದವರು ಒಬ್ಬರೇ ನಿರ್ದೇಶಕರು ಅನ್ನೋದು ನನಗೆ ಗೊತ್ತಾದದ್ದು ಎಂ.ಎ.ಗೆ ಸೇರಿದ ಮೇಲೆ.

ಅವರು ಬಿ. ಆರ್. ಪಂತುಲು (1910–1974). ಕನ್ನಡ ಚಿತ್ರರಂಗದ ಚರಿತ್ರೆಯನ್ನು ಹೇಳುವಾಗ ಅವರು 'ಸ್ಕೂಲ್ ಮಾಸ್ಟರ್', 'ಕಿತ್ತೂರು ಚೆನ್ನಮ್ಮ', 'ಶ್ರೀಕೃಷ್ಣದೇವರಾಯ' ಚಿತ್ರಗಳ ಪಂತುಲು. ತಮಿಳಿನಲ್ಲಿ ಅವರು 'ವೀರಪಾಂಡಿಯ ಕಟ್ಟಬೊಮ್ಮನ್', 'ಕರ್ಣನ್', 'ಆಯಿರತ್ತಿಲ್ ಒರುವನ್' ಚಿತ್ರಗಳ ಪಂತುಲು. ಒಂದು ಭಾಷೆಯವರ ಪಟ್ಟಿಯಲ್ಲಿ ಇನ್ನೊಂದು ಭಾಷೆಯ ಕೆಲಸ ಅಡಿಟಿಪ್ಪಣಿಯಂತೆ ಬರುತ್ತದೆ. ಎರಡು ಪಟ್ಟಿಗಳನ್ನು ಕೂಡಿಸಿ ಓದಿದರೆ ಮಾತ್ರ ಅವರು ಮಾಡಿದ್ದೇನು ಎಂಬುದು ಕಾಣುತ್ತದೆ ಎಂಬುದು ನನ್ನ ವಾದ.

'ಬಹುಮುಖ ನಿರ್ದೇಶಕ' ಎಂಬ ಮಾತನ್ನು ನಾವು ಸಾಮಾನ್ಯವಾಗಿ ವಸ್ತುವೈವಿಧ್ಯಕ್ಕೆ ಬಳಸುತ್ತೇವೆ. ಯುದ್ಧೋತ್ತರ ಜಪಾನಿನ ಕೋನ್ ಇಚಿಕಾವಾ ಇದಕ್ಕೆ ಒಳ್ಳೆಯ ಉದಾಹರಣೆ. 1956ರಲ್ಲಿ ಯುದ್ಧದ ದುಃಖವನ್ನು ಹೇಳುವ 'ಬರ್ಮೀಸ್ ಹಾರ್ಪ್', 1963ರಲ್ಲಿ ಕಬುಕಿ ನಟನೊಬ್ಬನ ಸೇಡಿನ ಕಥೆ, 1965ರಲ್ಲಿ ಟೋಕಿಯೊ ಒಲಿಂಪಿಕ್ಸ್ ಸಾಕ್ಷ್ಯಚಿತ್ರ. ಇಷ್ಟು ಹರಡಿಕೊಂಡವನ ಕೈಗುರುತು ಯಾವುದು ಅನ್ನೋದೇ ವಿಮರ್ಶಕರಿಗೆ ತಲೆನೋವಾಯಿತು. ಪಂತುಲು ಅವರಲ್ಲೂ ಈ ಹರವು ಇದೆ: ಮೇಷ್ಟರ ಸಂಸಾರ, ಪುರಾಣ, ಇತಿಹಾಸ, ಕಡಲ್ಗಳ್ಳರ ಸಾಹಸ, 'ಎಮ್ಮೆ ತಮ್ಮಣ್ಣ'ನಂಥ ಹಾಸ್ಯ. ಆದರೆ ಇಚಿಕಾವಾ ಎಷ್ಟು ಹರಡಿಕೊಂಡರೂ ಒಂದೇ ಭಾಷೆಯ ಚರಿತ್ರೆಯೊಳಗೆ ಉಳಿದರು. ಪಂತುಲು ಅವರನ್ನು ಚರಿತ್ರೆಯೇ ಎರಡು ತುಂಡು ಮಾಡಿತು.

ಅವರು ಬಂದದ್ದು ಕೋಲಾರ–ಕುಪ್ಪಂ ಗಡಿಸೀಮೆಯಿಂದ, ಅಂದರೆ ನಮ್ಮ ಕೃಷ್ಣಗಿರಿಯ ಪಕ್ಕದಿಂದ. ಕನ್ನಡ, ತೆಲುಗು, ತಮಿಳು ಮೂರೂ ಒಂದೇ ಸಂತೆಯಲ್ಲಿ ಕೇಳಿಸುವ ಜಾಗ. ವೃತ್ತಿರಂಗಭೂಮಿಯಿಂದ ಬಂದು, 1936ರ 'ಸಂಸಾರ ನೌಕೆ'ಯಲ್ಲಿ ಎಂ. ವಿ. ರಾಜಮ್ಮನವರ ಜೊತೆ ನಾಯಕರಾದರು. ಪದ್ಮಿನಿ ಪಿಕ್ಚರ್ಸ್ ಎಂಬ ತಮ್ಮ ಸಂಸ್ಥೆಯ ಮೂಲಕ 1955ರಲ್ಲಿ 'ಮೊದಲ ತೇದಿ'ಯನ್ನು ಕನ್ನಡ, ತಮಿಳು ಎರಡರಲ್ಲೂ ನಿರ್ಮಿಸಿದರು. ಮರುವರ್ಷವೇ, 1956ರ ನವೆಂಬರ್ 1ರಂದು, ಭಾಷಾವಾರು ರಾಜ್ಯಗಳು ಬಂದವು. ಹೊಸೂರು ಮದರಾಸು ರಾಜ್ಯದಲ್ಲೇ, ಸೇಲಂ ಜಿಲ್ಲೆಯಲ್ಲೇ ಉಳಿಯಿತು. ನಾಡು ಭಾಷೆಯ ಮೇಲೆ ಗೆರೆ ಎಳೆದುಕೊಳ್ಳುತ್ತಿದ್ದ ಕಾಲದಲ್ಲೇ ಪಂತುಲು ಆ ಗೆರೆಯ ಎರಡೂ ಕಡೆ ಸಿನಿಮಾ ಮಾಡಿದರು.

ಈಗ ಅವರ ಚಿತ್ರಗಳನ್ನು ಭಾಷೆ ಬಿಟ್ಟು ಇಸವಿ ಹಿಡಿದು ಜೋಡಿಸೋಣ. 1957ರಲ್ಲಿ ಶಿವಾಜಿ ಗಣೇಶನ್ ತಂಡದ ಕಟ್ಟಬೊಮ್ಮನ್ ನಾಟಕ ಮೊದಲು ರಂಗಕ್ಕೆ ಬಂದದ್ದು ಸೇಲಂನಲ್ಲಿ. ಆ ನಾಟಕವನ್ನು ನೋಡಿ ಮೆಚ್ಚಿದ ಪಂತುಲು 1959ರಲ್ಲಿ ಅದನ್ನು ಚಿತ್ರವಾಗಿಸಿದರು. ಕೈರೋದ ಆಫ್ರೋ–ಏಷ್ಯನ್ ಚಿತ್ರೋತ್ಸವದಲ್ಲಿ ಶಿವಾಜಿಗೆ ಶ್ರೇಷ್ಠ ನಟ ಪ್ರಶಸ್ತಿ ಬಂತು. 1961ರಲ್ಲಿ ವ. ಉ. ಚಿದಂಬರಂ ಪಿಳ್ಳೈ ಅವರ ಸ್ವದೇಶಿ ಹಡಗಿನ ಕಥೆ 'ಕಪ್ಪಲೋಟ್ಟಿಯ ತಮಿಳನ್'. ಅದೇ 1961ರಲ್ಲಿ ಕನ್ನಡದಲ್ಲಿ 'ಕಿತ್ತೂರು ಚೆನ್ನಮ್ಮ': ಬಿ. ಸರೋಜಾದೇವಿ ಚೆನ್ನಮ್ಮ, ರಾಜ್‌ಕುಮಾರ್ ಮಲ್ಲಸರ್ಜ. ಮೂರು ವರ್ಷದೊಳಗೆ, ಎರಡು ಹೊಸ ರಾಜ್ಯಗಳಿಗೆ, ಬ್ರಿಟಿಷರ ವಿರುದ್ಧ ನಿಂತ ಮೂವರು ವೀರರನ್ನು ಒಬ್ಬರೇ ಕಟ್ಟಿಕೊಟ್ಟರು.

ಇಲ್ಲಿ ಸ್ವಲ್ಪ ನಿಲ್ಲಬೇಕು ಅನ್ಸುತ್ತೆ. ಕಟ್ಟಬೊಮ್ಮನ್ ಕಥೆಯ ಬೇರು ಕಂದಾಯದ ಜಗಳ. ಅವನನ್ನು 1799ರಲ್ಲಿ ಕಯತ್ತಾರಿನಲ್ಲಿ ಗಲ್ಲಿಗೇರಿಸಿದರು. ಕಿತ್ತೂರಿನಲ್ಲಿ 1824ರ ಸಂಘರ್ಷಕ್ಕೆ ಮುಖ್ಯ ಕಾರಣ ದತ್ತು. ಉತ್ತರಾಧಿಕಾರಿಯಾಗಿ ದತ್ತು ಪಡೆದ ಮಗನನ್ನು ಕಂಪನಿ ಒಪ್ಪಲಿಲ್ಲ. ಆದರೆ ನಮ್ಮ ಶಾಲೆಯ ವೇದಿಕೆಗೆ ಬಂದ ಚೆನ್ನಮ್ಮ ದತ್ತಿನ ಬಗ್ಗೆ ಒಂದು ಮಾತೂ ಆಡಲಿಲ್ಲ. ಅವಳು ಆಡಿದ್ದು ಕಪ್ಪದ ಮಾತು. ಜನರ ನೆನಪಿನಲ್ಲಿ ಉಳಿದ ಚೆನ್ನಮ್ಮನಿಗೆ ಕಟ್ಟಬೊಮ್ಮನ್ ಚಿತ್ರದ ಅಚ್ಚು ಬಿದ್ದಿದೆಯೇ? ಇದು ನನ್ನ ಊಹೆ, ತೀರ್ಮಾನವಲ್ಲ. ಆದರೆ ಈ ಪ್ರಶ್ನೆ ಕನ್ನಡದ ಪಟ್ಟಿಯನ್ನು ಮಾತ್ರ ಓದಿದವರಿಗೆ ಹುಟ್ಟುವುದೇ ಇಲ್ಲ.

ಇನ್ನೊಂದು ತೊಡಕೂ ಇದೆ. ಕಟ್ಟಬೊಮ್ಮನ್ ತೆಲುಗು ಮೂಲದ ಪಾಳೆಯಗಾರ. ತೆರೆಯ ಮೇಲೆ ಅವನದು ಭರ್ಜರಿ ತಮಿಳು. ಚೆನ್ನಮ್ಮನ ಕಿತ್ತೂರು 1956ರವರೆಗೆ ಮುಂಬಯಿ ಕಡೆಗೆ ಸೇರಿದ್ದ ನಾಡು. ಹಳೇ ಮೈಸೂರಿನ ಪ್ರೇಕ್ಷಕರು 'ನಮ್ಮವಳು' ಅಂತ ಅವಳನ್ನು ಅಪ್ಪಿಕೊಳ್ಳುವುದರಲ್ಲಿ ಸಿನಿಮಾದ ಪಾಲೂ ಇದೆ. 'ನಮ್ಮ ವೀರರು' ತಾವಾಗಿ ಸಿಕ್ಕವರಲ್ಲ. ಅವರನ್ನು ಭಾಷೆಗೆ ಒಗ್ಗಿಸಿ ಕೊಡುವ ಕೆಲಸವನ್ನು ಯಾರೋ ಮಾಡಬೇಕಿತ್ತು. ಅದನ್ನು ಮಾಡಿದವರು ಗಡಿಯವರಾಗಿದ್ದದ್ದು ನನಗೆ ಆಕಸ್ಮಿಕ ಅನ್ನಿಸುವುದಿಲ್ಲ.

ಇದೆಲ್ಲ ಬರೀ ವ್ಯಾಪಾರ ಅಂತ ಕೆಲವರು ಹೇಳಬಹುದು. ಸರಿ, ವ್ಯಾಪಾರವೂ ಹೌದು. ಆಗ ಕನ್ನಡದ ಬಹುಪಾಲು ಚಿತ್ರಗಳೂ ಮದರಾಸಿನ ಸ್ಟುಡಿಯೋಗಳಲ್ಲೇ ತಯಾರಾಗುತ್ತಿದ್ದವು. 1964ರ 'ಚಿನ್ನದ ಗೊಂಬೆ' ತಮಿಳಿನಲ್ಲಿ 'ಮುರಡನ್ ಮುತ್ತು'. 1967ರ 'ಬೀದಿ ಬಸವಣ್ಣ'ನಲ್ಲಿ ರಾಜ್‌ಕುಮಾರ್ ಮಾಡಿದ್ದನ್ನು 1970ರ 'ತೇಡಿ ವಂದ ಮಾಪ್ಪಿಳ್ಳೈ'ಯಲ್ಲಿ ಎಂಜಿಆರ್ ಮಾಡಿದರು. 'ಆಯಿರತ್ತಿಲ್ ಒರುವನ್' ತಮಿಳು ಚಿತ್ರ, ಅದರ ಕಡಲು ಮಾತ್ರ ನಮ್ಮ ಕಾರವಾರದ್ದು. ಆದರೆ ವ್ಯಾಪಾರದ ಲೆಕ್ಕ 'ಸ್ಕೂಲ್ ಮಾಸ್ಟರ್' ಅನ್ನು ಪೂರ್ತಿ ವಿವರಿಸುವುದಿಲ್ಲ. ಮಕ್ಕಳಿಂದ ದೂರವಾಗುವ ಆ ಮೇಷ್ಟರ ಕಥೆ ಕನ್ನಡದಿಂದ ತಮಿಳಿಗೆ, ಹಿಂದಿಗೆ ಹೋಯಿತು. 1964ರಲ್ಲಿ ಅವರ ಶಿಷ್ಯ ಪುಟ್ಟಣ್ಣ ಕಣಗಾಲ್ ಮಲಯಾಳಂಗೆ ಒಯ್ದರು. ಹೋದ ಕಡೆಯೆಲ್ಲ ಮೇಷ್ಟರು ಆ ಊರಿನವರೇ ಆದರು.

ಪಂತುಲು ತೀರಿಕೊಂಡಾಗ 'ಮದುರೈಯೈ ಮೀಟ್ಟ ಸುಂದರಪಾಂಡಿಯನ್' ಅರ್ಧಕ್ಕೆ ನಿಂತಿತ್ತು. ಎಂಜಿಆರ್ ಅದನ್ನು ಮುಗಿಸಿ, 1978ರಲ್ಲಿ ಬಿಡುಗಡೆಯಾಯಿತು. ಕನ್ನಡದಲ್ಲಿ ಹೆಸರಾದ ನಿರ್ದೇಶಕನ ಕೊನೆಯ ಚಿತ್ರ ಪಾಂಡ್ಯ ರಾಜನದು ಅನ್ನೋದನ್ನು ನಾವು ಕನ್ನಡ ವಿಭಾಗದವರು ಎಲ್ಲಿ ಬರೆದುಕೊಳ್ಳೋಣ?

ಶಾಲೆಯ ಆ ಜಗಳ ಈಗ ನೆನಪಾದರೆ ನಗು ಬರುತ್ತೆ, ಸ್ವಲ್ಪ ಸಂಕಟವೂ ಆಗುತ್ತೆ. ನಾವು ಹೊಡೆದಾಡಿದ್ದು ಒಂದೇ ಮನೆಯ ಎರಡು ಮಕ್ಕಳ ಪರವಾಗಿ. ಹೊಸೂರಿನ ಕನ್ನಡಿಗರಿಗೆ ನೀವು ಆ ಕಡೆಯವರೋ ಈ ಕಡೆಯವರೋ ಅನ್ನೋ ಪ್ರಶ್ನೆ ಹೊಸದಲ್ಲ. ಪಂತುಲು ಅವರಿಗೂ ನಾವು ಅದನ್ನೇ ಕೇಳ್ತಾ ಬಂದಿದ್ದೇವೆ. ಅವರ ಚಿತ್ರಗಳನ್ನು ಇಸವಿ ಪ್ರಕಾರ, ಒಂದೇ ಪಟ್ಟಿಯಲ್ಲಿ ಬರೆದು ನೋಡೋಣ ಎಂಬುದಷ್ಟೇ ನನ್ನ ಸಲಹೆ.