ಕಾಲಚಕ್ರಕ್ಕೊಂದು ಕಡಾಣಿ

ಬಂಡಿಯ ಗಾಲಿ ಅಚ್ಚಿನಿಂದ ಕಳಚದಂತೆ ತಡೆಯುವುದು ಕಡಾಣಿ. ಕಾಲಚಕ್ರಕ್ಕೂ ಅಂಥದೊಂದು ಕಡಾಣಿ ಬೇಕು. ಮರಳಿ ಮರಳಿ ಸುತ್ತುವ ಕಾಲವನ್ನು ಹಾದಿ ತಪ್ಪದಂತೆ ಹಿಡಿದಿಡುವ ಯಂತ್ರ ವಿಜ್ಞಾನ ಕಥೆಗಾರರ ಕಲ್ಪನೆಯಲ್ಲಷ್ಟೇ ಇದೆ. ಆದರೆ ಅದೇ ಕೆಲಸವನ್ನು ಲೆಕ್ಕದಿಂದ ಸಾಧಿಸುವ ಉಪಾಯಗಳು ಪಂಚಾಂಗದಲ್ಲೂ ಕಂದಾಯದ ಕಡತಗಳಲ್ಲೂ ಶತಮಾನಗಳಿಂದ ಇವೆ. ಕಲಬುರಗಿ ಜಿಲ್ಲೆಯ ಆಳಂದ, ಅಫಜಲಪುರ, ಜೇವರ್ಗಿ ತಾಲ್ಲೂಕುಗಳಲ್ಲಿ ಇಂಥ ಹಲವು ಚಕ್ರಗಳು ಒಟ್ಟೊಟ್ಟಿಗೇ ಸುತ್ತುತ್ತ ಬಂದಿವೆ.

ತೊಡಕಿನ ಮೂಲ ಆಕಾಶದಲ್ಲೇ ಇದೆ. ಹನ್ನೆರಡು ಚಾಂದ್ರಮಾಸಗಳು ಸುಮಾರು 354 ದಿನಗಳಲ್ಲಿ ಮುಗಿಯುತ್ತವೆ. ಋತುಗಳ ಸುತ್ತು ಮುಗಿಯಲು 365 ದಿನ ಮೀರಬೇಕು. ಹೀಗೆ ವರ್ಷಕ್ಕೆ ಸುಮಾರು 11 ದಿನ ವ್ಯತ್ಯಾಸ ಬೀಳುತ್ತದೆ. ಇದನ್ನು ಸರಿಪಡಿಸಬೇಕೇ, ಬಿಡಬೇಕೇ ಎಂಬ ಪ್ರಶ್ನೆಗೆ ಎಲ್ಲರ ಉತ್ತರ ಒಂದೇ ಅಲ್ಲ.

ಆಳಂದದ ಲಾಡ್ಲೆ ಮಶಾಕ್ ದರ್ಗಾದ ಉರುಸು ಹಿಜರಿ ಪಂಚಾಂಗದಂತೆ ನಡೆಯುತ್ತದೆ. ಹಳ್ಳಿಹಳ್ಳಿಗಳಲ್ಲಿ ಹಿಂದೂಗಳೂ ಸೇರಿ ಆಚರಿಸುವ ಮೊಹರಂ ಕೂಡ ಹಾಗೆಯೇ. ಹಿಜರಿ ಲೆಕ್ಕದಲ್ಲಿ ಹೆಚ್ಚುವರಿ ತಿಂಗಳು ಸೇರಿಸುವಂತಿಲ್ಲ. ಆದ್ದರಿಂದ ಹಬ್ಬ ಪ್ರತಿ ವರ್ಷ 11 ದಿನ ಹಿಂದೆ ಸರಿದು, ಬೇಸಿಗೆ, ಚಳಿ, ಮಳೆಗಳನ್ನೆಲ್ಲ ಕಂಡು, ಸುಮಾರು 33 ವರ್ಷಗಳಲ್ಲಿ ಮೊದಲಿನ ಋತುವಿಗೆ ಮರಳುತ್ತದೆ. ಇಲ್ಲಿ ಚಂದ್ರನೇ ಪ್ರಮಾಣ, ಋತುವಿನ ಹಂಗಿಲ್ಲ.

ಆಳಂದ ತಾಲ್ಲೂಕಿನಲ್ಲಿ ಹುಟ್ಟಿದ ಅಮರ್ಜಾ ನದಿ ಅಫಜಲಪುರ ತಾಲ್ಲೂಕಿನ ದೇವಲ ಗಾಣಗಾಪುರದ ಬಳಿ ಭೀಮೆಯನ್ನು ಸೇರುತ್ತದೆ. ಅಲ್ಲಿ ಮಾರ್ಗಶಿರ ಹುಣ್ಣಿಮೆಯಂದು ದತ್ತ ಜಯಂತಿ. ಈ ಹುಣ್ಣಿಮೆಯನ್ನು ಚಳಿಗಾಲ ಬಿಟ್ಟು ಅಲುಗದಂತೆ ಹಿಡಿದಿರುವುದು ಅಧಿಕ ಮಾಸ. ಸೂರ್ಯ ಸಂಕ್ರಮಣವಿಲ್ಲದ ಚಾಂದ್ರಮಾಸವನ್ನು ಅಧಿಕವೆಂದು ಎಣಿಸುವುದು ನಿಯಮ. ಸರಾಸರಿ 32-33 ತಿಂಗಳಿಗೊಮ್ಮೆ ಅದು ಬರುತ್ತದೆ. 19 ವರ್ಷಗಳಲ್ಲಿ ಏಳು ಬಾರಿ. ಒಂದೇ ತಿಂಗಳಲ್ಲಿ ಎರಡು ಸಂಕ್ರಮಣ ಬಿದ್ದರೆ ಕ್ಷಯ ಮಾಸ. 1963-64ರಲ್ಲಿಯೂ 1982-83ರಲ್ಲಿಯೂ ಹಾಗಾಗಿತ್ತು. ಈ ವ್ಯವಸ್ಥೆ ಇಲ್ಲದಿದ್ದರೆ ಎಳ್ಳಮವಾಸ್ಯೆಯ ದಿನ ಹೊಲಕ್ಕೆ ಹೋಗಿ ಚರಗ ಚೆಲ್ಲುವ ರೈತನಿಗೆ ಒಂದು ವರ್ಷ ಹಿಂಗಾರಿ ಜೋಳ ಕಂಡರೆ, ಕೆಲವು ವರ್ಷಗಳ ನಂತರ ಬರೀ ಎರೆ ಹೊಲ ಕಾಣುತ್ತಿತ್ತು.

ಭೀಮೆಯ ದಂಡೆಯ ಜೇವರ್ಗಿ ಸೀಮೆಯ ಒಕ್ಕಲಿಗ ಬಿತ್ತನೆಗೆ ನೆಚ್ಚಿದ್ದು ಮೃಗಶಿರ, ಆರಿದ್ರಾ ಮೊದಲಾದ ಮಳೆ ನಕ್ಷತ್ರಗಳನ್ನು. ಸೂರ್ಯ ಒಂದೊಂದು ನಕ್ಷತ್ರದಲ್ಲಿ 13-14 ದಿನ ಇರುವ ಲೆಕ್ಕವಿದು. ಇದಕ್ಕೂ ಪೂರ್ಣ ಸ್ಥಿರತೆ ಇಲ್ಲ. ಸೂರ್ಯಸಿದ್ಧಾಂತದ ವರ್ಷ ಋತುವರ್ಷಕ್ಕಿಂತ ಸುಮಾರು 24 ನಿಮಿಷ ದೊಡ್ಡದು. ಪ್ರಭವದಿಂದ ಅಕ್ಷಯದವರೆಗಿನ 60 ಸಂವತ್ಸರಗಳ ಒಂದು ಸುತ್ತು ಮುಗಿಯುವಷ್ಟರಲ್ಲಿ ಲೆಕ್ಕ ಒಂದು ದಿನ ಜಾರಿರುತ್ತದೆ. ಕೇಂದ್ರ ಸರ್ಕಾರ 1952ರಲ್ಲಿ ಮೇಘನಾದ ಸಹಾ ಅವರ ಅಧ್ಯಕ್ಷತೆಯಲ್ಲಿ ನೇಮಿಸಿದ ಸಮಿತಿ ಈ ಅಂತರ 23 ದಿನಗಳಷ್ಟಾಗಿದೆ ಎಂದು ಕಂಡುಕೊಂಡಿತು. ಅದರ ಸಲಹೆಯಂತೆ ರೂಪಿಸಿದ ರಾಷ್ಟ್ರೀಯ ಪಂಚಾಂಗ 1957ರ ಮಾರ್ಚ್ 22ರಂದು ಜಾರಿಗೆ ಬಂತಾದರೂ ಹಬ್ಬಹರಿದಿನಗಳು ಹಳೆಯ ಎಣಿಕೆಯನ್ನು ಬಿಡಲಿಲ್ಲ.

ಹಬ್ಬದ ದಿನ ಜಾರಿದರೆ ಜನ ಹೊಂದಿಕೊಳ್ಳಬಲ್ಲರು. ಕಂದಾಯದ ದಿನ ಜಾರಿದರೆ ಹಾಗಲ್ಲ. ಸೌರಮಾನದ 33 ವರ್ಷಗಳಲ್ಲಿ ಹಿಜರಿಯ 34 ವರ್ಷಗಳು ಕಳೆಯುತ್ತವೆ. ಹಿಜರಿ ವರ್ಷಕ್ಕೊಮ್ಮೆ ತೆರಿಗೆ ಎತ್ತಿದರೆ ರೈತ 33 ಸುಗ್ಗಿ ಕಂಡು 34 ಕಂದಾಯ ಕಟ್ಟಬೇಕು. ಈ ಅನ್ಯಾಯ ತಪ್ಪಿಸಲೆಂದು ಅಕ್ಬರನ ಕಾಲದಲ್ಲಿ ಬಂದದ್ದು ಫಸಲಿ ವರ್ಷ, ಅಂದರೆ ಫಸಲಿನ ವರ್ಷ. ದಖ್ಖನಿನಲ್ಲಿ ಷಹಜಹಾನನ ಆಳ್ವಿಕೆಯಲ್ಲಿ, 1636ರಲ್ಲಿ, ಹಿಜರಿ 1046ನ್ನೇ ಫಸಲಿ 1046 ಎಂದು ಹಿಡಿದು, ಅಲ್ಲಿಂದ ಮುಂದಿನ ವರ್ಷಗಳನ್ನು ಸೌರಮಾನದಿಂದ ಎಣಿಸಲಾಯಿತು.

ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿ ಇದೇ ಸರ್ಕಾರಿ ವರ್ಷವಾಯಿತು. ಅಜೂರ್, ದೈ, ಬಹಮನ್ ಎಂಬ ಪಾರಸಿ ತಿಂಗಳುಗಳಿದ್ದ ಈ ವರ್ಷ ಅಕ್ಟೋಬರ್ ಮೊದಲ ವಾರದಲ್ಲಿ ಆರಂಭವಾಗುತ್ತಿತ್ತು. ಸಂಸ್ಥಾನದ ಭೂಕಂದಾಯ ಕಾಯ್ದೆಯ ಇಸವಿಯೇ 1317 ಫಸಲಿ; 590 ಕೂಡಿಸಿದರೆ ಕ್ರಿ.ಶ. 1907. 1948ರಲ್ಲಿ ಸಂಸ್ಥಾನ ಭಾರತದಲ್ಲಿ ವಿಲೀನವಾಗುವವರೆಗೂ ಈ ಮೂರು ತಾಲ್ಲೂಕುಗಳು ಅದರ ಗುಲ್ಬರ್ಗಾ ಜಿಲ್ಲೆಯಲ್ಲಿದ್ದವು. ಮನೆಯ ಪೆಟ್ಟಿಗೆಯಲ್ಲಿ 1340 ಫಸಲಿಯ ಉರ್ದು ಪತ್ರ ಸಿಕ್ಕರೆ ಅದು 1930-31ರದ್ದೆಂದು ತಿಳಿಯಬೇಕು.

2025ರ ಅಕ್ಟೋಬರಿನಲ್ಲಿ ಹಿಜರಿ 1447 ನಡೆಯುತ್ತಿತ್ತು. ಫಸಲಿ ಎಣಿಕೆಯಲ್ಲಿ ಅದು 1435. ಒಂದೇ ಅಂಕಿಯಿಂದ ಹೊರಟ ಎರಡು ಲೆಕ್ಕಗಳ ನಡುವೆ ಈಗ 12 ವರ್ಷಗಳ ಅಂತರ. ರೈತನ ಪಾಲಿಗೆ ಆ 12 ವರ್ಷಗಳೆಂದರೆ, ಸುಗ್ಗಿಯೇ ಇಲ್ಲದೆ ಕಟ್ಟಬೇಕಾಗುತ್ತಿದ್ದ 12 ಕಂದಾಯಗಳು.